ಎಡೆಯ ಮುಂದೆ ಬೋಂಡ

ಹೋದ ಪಿತೃಪಕ್ಷದಲ್ಲಿ ಹಿರಿಯರಿಗಿಟ್ಟ ಎಡೆಯನ್ನು ಬಾಳೆ ಎಲೆ ಸಮೇತ ನುಂಗಿದ್ದ ನಾಯಿ ಬೋಂಡನಿಗೆ ಅತ್ತೆ ಮುನಿವೆಂಕಟಮ್ಮ ಈ ಸಲ ಒಂದೇ ಅವಕಾಶ ಕೊಟ್ಟಿದ್ದರು. ಎಡೆ ಮುಟ್ಟಿದರೆ ಪಕ್ಕದ ಮನೆ ಅಪ್ಪಯ್ಯಣ್ಣನ ದ್ರಾಕ್ಷಿ ತೋಟಕ್ಕೆ ಗಡೀಪಾರು.

ಮನೆ ಅಳಿಯ ಚಲಪತಿ ಬೆಚ್ಚಿಬಿದ್ದ. ಪಿಲ್ಲಗುಂಪೆಯ ಕಾರ್ಖಾನೆಯಲ್ಲೂ ಮನೆಯಲ್ಲೂ ಅವನ ಮಾತಿಗೆ ಬೆಲೆ ಕೊಡುತ್ತಿದ್ದ ಜೀವ ಅದೊಂದೇ. ಮೊಬೈಲ್ ನೋಡಿಕೊಂಡು ತಿಂಗಳಿಡೀ ತಾಳ್ಮೆ ಕಲಿಸಿದ.

"ಸಿಟ್! ಸ್ಟೇ!"

"ಸಿಟ್ಟು ಸಿಟ್ಟು ಅಂತ ಕೂಗ್ತಾನೇ ಇರ್ತೀರಲ್ಲ, ಕೇಳೋರಿಗೇ ಬರ್ತದೆ ಸಿಟ್ಟು," ಎನ್ನುತ್ತಿದ್ದಳು ಹೆಂಡತಿ ಶಾಮಲಾ.

ಎಲೆಯ ಮೇಲೆ ಲಿವರ್ ಚೂರಿಟ್ಟು, ಬೋಂಡನನ್ನು ಒಳಗೆ ಕೂರಿಸಿ ಬಾಗಿಲು ಹಾಕುವುದು. ಹತ್ತು ನಿಮಿಷ ಬಿಟ್ಟು ಹೊರಗಿನಿಂದ ಮೂರು ಸಲ ಬಡಿಯುವುದು. ಬಡಿದ ಮೇಲಷ್ಟೇ ತಿನ್ನಬೇಕು. ಬೋಂಡ ಒಂದು ದಿನವೂ ತಪ್ಪಲಿಲ್ಲ.

ಹಬ್ಬ ಬಂತು. ಮುದ್ದೆ, ಮಟನ್ ಸಾರು, ಲಿವರ್ ಫ್ರೈ, ತೀರಿಕೊಂಡ ಮಾವನ ಬೀಡಿ ಕಟ್ಟು, ಎಲ್ಲ ಎಲೆಯ ಮೇಲೆ ಕೂತವು. ಎದುರಿಗೆ ಬೋಂಡ ಕೂತ. ಹಿರಿಯರು ಬಂದು ಉಣ್ಣಲೆಂದು ಬಾಗಿಲು ಹಾಕಿದರು. ಅಪ್ಪಯ್ಯಣ್ಣ ಹಗ್ಗ ಹಿಡಿದೇ ಬಂದಿದ್ದ.

ಕಿಟಕಿ ಸಂದಿಯಲ್ಲಿ ಇಣುಕಿದರೆ ಬೋಂಡ ಇಂಟರ್‌ವ್ಯೂಗೆ ಬಂದ ಅಭ್ಯರ್ಥಿಯಂತೆ ನೆಟ್ಟಗೆ ಕೂತಿದ್ದ. ಜೊಲ್ಲು ಮಾತ್ರ ಕೆಟ್ಟ ನಲ್ಲಿಯಂತೆ ತೊಟ್ಟಿಕ್ಕುತ್ತಿತ್ತು.

"ಏನಪ್ಪಾ ಚಲಪತಿ, ಇದು ನಾಯೋ ಸನ್ಯಾಸಿಯೋ!" ಅಪ್ಪಯ್ಯಣ್ಣ ಹಗ್ಗ ಸುತ್ತತೊಡಗಿದ.

ಚಲಪತಿಯ ಎದೆ ಪೂರಿಯಂತೆ ಉಬ್ಬಿತು. ಮುನಿವೆಂಕಟಮ್ಮ ಎದ್ದರು. ಒಳಗಿರುವ ಹಿರಿಯರಿಗೆ ಸುಳಿವು ಕೊಡದೆ ಬಾಗಿಲು ತೆಗೆಯಬಾರದಲ್ಲ? ಪದ್ಧತಿಯಂತೆ ಬಡಿದರು. ಠಕ್. ಠಕ್. ಠಕ್.

"ಅಯ್ಯೋ ಅತ್ತೆ, ಬೇಡ!" ಎಂದು ಚಲಪತಿ ಕಿರುಚುವಷ್ಟರಲ್ಲಿ ಮೂರೂ ಮುಗಿದಿದ್ದವು.

ಬಾಗಿಲು ತೆರೆದರೆ ಲಿವರ್ ಮಾಯ. ಉಳಿದದ್ದೆಲ್ಲ ಇದ್ದಂತೆಯೇ ಇತ್ತು. ಬೋಂಡ ಬೀಡಿ ಕಟ್ಟಿನ ಮೇಲೆ ಗಲ್ಲವಿಟ್ಟು ಮಲಗಿದ್ದ. ಎಬ್ಬಿಸಲು ಹೋದ ಚಲಪತಿಯನ್ನು ನೋಡಿ "ಗುರ್ರ್" ಎಂದ.

ಮುನಿವೆಂಕಟಮ್ಮ ಗಳಗಳನೆ ಅತ್ತರು. "ಮುದ್ದೆ ಮುಟ್ಟಿಲ್ಲ, ಬರೀ ಲಿವರ್ ತಿಂದವ್ರೆ! ಅಳಿಯನ್ನ ಕಂಡ್ರೆ ಥೇಟ್ ಹಿಂಗೇ ಗುರ್ ಅಂತಿದ್ರು! ನಮ್ ಯಜಮಾನ್ರೇ ಕಣ್ರಪ್ಪೋ!"

ಅಪ್ಪಯ್ಯಣ್ಣ ಹಗ್ಗ ಬಿಸಾಡಿ ಬೋಂಡನಿಗೆ ಅಡ್ಡಬಿದ್ದ.

"ಅತ್ತೆ, ಅದು ನಾನು ಕಲಿ..." ಎಂದ ಚಲಪತಿ ಅಲ್ಲೇ ನುಂಗಿಕೊಂಡ. ನಿಜ ಹೇಳಿದರೆ ಬೋಂಡ ತೋಟಕ್ಕೆ!

"ನೀವು ಎದುರಿಗಿದ್ರೆ ಅವರಿಗೆ ಊಟ ಸೇರಲ್ಲ ಅಳಿಯಂದ್ರೇ," ಮುನಿವೆಂಕಟಮ್ಮ ಕಣ್ಣೊರೆಸಿಕೊಂಡರು. "ಅಪ್ಪಯ್ಯಣ್ಣಂಗೂ ತೋಟ ಕಾಯೋಕೆ ಯಾರಾದ್ರೂ ಬೇಕಲ್ವಾ?"

ಶಾಮಲಾ ಆಗಲೇ ಗಂಡನ ಲುಂಗಿ ಮಡಚುತ್ತಿದ್ದಳು.