ಬಾಗಿಲ ಮೇಲಿನ ನಾಲ್ಕು ಚಿತ್ರ

ಅರಕಲಗೂಡಿನ ಪರಮಶಿವಯ್ಯ ಮೇಷ್ಟ್ರು ಶನಿವಾರದ ಶಾಲೆ ಮುಗಿಸಿ ಮನೆಗೆ ಬಂದರೆ, ಬಾಗಿಲ ತುಂಬ ಯಾರೋ ಸೀಮೆಸುಣ್ಣದಲ್ಲಿ ಗೀಚಿದ್ದರು.

"ಪಾರ್ವತಮ್ಮ ಸಾ," ಎಂದ ಎದುರುಮನೆ ಟೈಲರ್ ಚನ್ನಪ್ಪ. "ಬಲೇ ಅರ್ಜೆಂಟು ಅಂದ್ಬುಟ್ಟು ಹೂವಿನ ಬುಟ್ಟಿ ಹೊತ್ಕಂಡು ಒಂಟೋದ್ಲು."

ಹೂ ಮಾರುವ ಪಾರ್ವತಮ್ಮ ಮೇಷ್ಟ್ರ ಸಾಕ್ಷರತಾ ತರಗತಿಗೆ ಆರು ತಿಂಗಳಿಂದ ಬರುತ್ತಿದ್ದಳು. ಬಂದವಳು ಗೋಡೆಗೊರಗಿ ತೂಕಡಿಸುತ್ತಿದ್ದಳು. ಅವಳೆಲ್ಲಿ, ಅಕ್ಷರವೆಲ್ಲಿ! ಆದರೆ ಅಂದೇ ಬೆಳಿಗ್ಗೆ ಮೇಷ್ಟ್ರು ಏಳನೇ ಕ್ಲಾಸಿಗೆ, ಲಿಪಿ ಹುಟ್ಟುವ ಮೊದಲು ಜನ ಚಿತ್ರ ಬಿಡಿಸಿಯೇ ಸುದ್ದಿ ತಿಳಿಸುತ್ತಿದ್ದರೆಂದು ಪಾಠ ಮಾಡಿ ಬಂದಿದ್ದರು.

"ಇದು ಚಿತ್ರಲಿಪಿ ಕಣಯ್ಯ!" ಎಂದರು, ನಿಧಿ ಸಿಕ್ಕವರಂತೆ. "ಮೊದಲನೇದು ಮುದುರಿಕೊಂಡು ಮಲಗಿರೋ ಹೆಂಗಸು. ಆಮೇಲೆ ಕೊಡ, ಕೆಳಗೆ ನೀರು ಚೆಲ್ಲಿದೆ. ಮೂರನೇದು..."

"ಆವು ಸಾ! ಎಡೆ ಎತ್ತೈತೆ!"

"ಕೊನೇದು ಕೈಚಾಚಿ ಬೊಬ್ಬೆ ಹೊಡೀತಿರೋನು."

ನೀರಿಗೆ ಹೋದ ಹೆಂಗಸಿಗೆ ಹಾವು ಕಚ್ಚಿದೆ ಎಂದು ಇಬ್ಬರೂ ಓದಿಕೊಂಡರು. ಮೇಷ್ಟ್ರ ಹೆಂಡತಿ ಶಾಂತಕುಮಾರಿ ಕೊಣನೂರಿನ ಅಕ್ಕನ ಮನೆಗೆ ಹೋಗಿದ್ದಳು. ಅಲ್ಲಿ ನೀರು ಸೇದುವುದು ಹಿತ್ತಲ ಬಾವಿಯಿಂದ!

ಬಾಗಿಲ ಬೀಗವನ್ನೂ ತೆಗೆಯದೆ ಮೇಷ್ಟ್ರು ಬಸ್ಸು ಹತ್ತಿದರು. ಕೊಣನೂರು ಬರುವಷ್ಟರಲ್ಲಿ ಇಡೀ ಬಸ್ಸೇ ಅವರ ಜೊತೆ ಅಳುತ್ತಿತ್ತು. ಒಬ್ಬಾತ ಬೇವಿನಸೊಪ್ಪು ಕೊಟ್ಟ, ಇನ್ನೊಬ್ಬ ವಿಷ ಇಳಿಸುವವರ ವಿಳಾಸ ಕೊಟ್ಟ. ಅಂಗಳದಲ್ಲಿ ಶಾಂತಕುಮಾರಿ ಅವರೆಕಾಯಿ ಸುಲಿಯುತ್ತ ಅಕ್ಕನೊಂದಿಗೆ ನಗುತ್ತಿದ್ದಳು.

"ಎಲ್ಲಿ ಕಚ್ತು? ಕಾಲು ತೋರಿಸು!"

"ನಿಮಗೇನಾಯ್ತುರೀ?" ಎಂದು ಗಾಬರಿಯಾದ ಹೆಂಡತಿ, ಗಂಡನನ್ನು ಒಂಟಿಯಾಗಿ ಬಿಡುವುದು ಸರಿಯಲ್ಲವೆಂದು ಜೊತೆಗೇ ಹೊರಟುಬಂದಳು.

ಸ್ಟ್ಯಾಂಡಿಗಿಂತ ಮೊದಲೇ, ಮನೆ ಹತ್ತಿರದ ತಿರುವಿನಲ್ಲಿ ಬಸ್ಸಿಳಿದು ಆರು ಗಂಟೆಗೆ ಬಂದರೆ ಪಾರ್ವತಮ್ಮ ಬಾಗಿಲಲ್ಲೇ ನಿಂತಿದ್ದಳು.

"ಯಾವ ಹಾವವ್ವ ಇದು?"

"ಆವಾ? ಎಲ್ಲೈತೆ ಸಾ?" ಅವಳು ಹೌಹಾರಿ, ಆಮೇಲೆ ಗೀಚಿದ್ದರ ಮೇಲೆ ಒಂದೊಂದಾಗಿ ಬೆರಳಿಟ್ಟಳು. "ಅ... ತ್ತೆ... ಮೂರು... ಕ್ಕೆ. ಅತ್ತೆ ೩ಕ್ಕೆ! ನಿಮ್ಮತ್ತೆ ಮೂರ್ಗಂಟೆ ಬಸ್ಸಿಗೆ ಬತ್ತಾರಂತೆ, ಸ್ಟ್ಯಾಂಡಿಗೆ ಬರ್ಬೇಕಂತೆ ಅಂತ ನಾನು ಹೂ ಮಾರೋ ತಾವ ಐತಲ್ಲ, ಆ ಬೂತಿಗೆ ಫೋನ್ ಬಂದಿತ್ತು. ಬುಟ್ಟಿ ಹೊತ್ಕಂಡೇ ಬರ್ದೆ, ವಸಿ ವಾಲ್ಕಂಡವೆ."

ಮೇಷ್ಟ್ರ ಕಣ್ಣಲ್ಲಿ ನೀರಾಡಿತು. "ಒತ್ತಕ್ಷರ! ಒತ್ತಕ್ಷರ ಬರೆದ್ಬಿಟ್ಯಲ್ಲೇ ಪಾರ್ವತಮ್ಮ!" ಎಂದು ಕುಣಿದೇಬಿಟ್ಟರು.

"ಕುಣಿದಿದ್ದು ಸಾಕು, ನಮ್ಮಮ್ಮ ಅಲ್ಲಿ ಕೂತಿದಾಳೆ!" ಎಂದು ಶಾಂತಕುಮಾರಿ ಅವರನ್ನು ಸ್ಟ್ಯಾಂಡಿಗೆ ಓಡಿಸಿದಳು.

ಮೂರು ಗಂಟೆಯಿಂದ ಟ್ರಂಕಿನ ಮೇಲೆ ಕೂತಿದ್ದ ಅತ್ತೆ, ಅಳಿಯ ಹೇಳಿದ್ದನ್ನೆಲ್ಲ ಕೇಳಿ ಹೊಟ್ಟೆ ಹಿಡಿದುಕೊಂಡು ನಕ್ಕರು. ಆಮೇಲೆ ಸೆರಗಿನಿಂದ ಕಣ್ಣೊರೆಸಿಕೊಂಡು ಹೇಳಿದರು:

"ಹೂವಿನವಳಿಗೇ ಕಲಿಸಿದೀರಿ, ನನಗೂ ಕಲಿಸಿ ಅಳಿಯಂದ್ರೆ. ಎರಡು ದಿನಕ್ಕೆ ಅಂತ ಬಂದಿದ್ದೆ. ಒತ್ತಕ್ಷರ ಬರೋ ತಂಕ ಇಲ್ಲೇ ಇದ್ಬಿಡ್ತೀನಿ."

ಮೇಷ್ಟ್ರು ಟ್ರಂಕನ್ನು ಹೆಗಲಿಗೇರಿಸಿಕೊಂಡು, ಸ್ಟ್ಯಾಂಡಿನ ಬೋರ್ಡು ತೋರಿಸುತ್ತ ಅಲ್ಲೇ ಒತ್ತಕ್ಷರದ ಪಾಠ ಶುರುಮಾಡಿಬಿಟ್ಟರು.