ನಾಲ್ಕು ಎಕ್ಸ್ ಪ್ಲಸ್ ಆರು ಇಡ್ಲಿ

ನಮ್ಮ ಸೋದರತ್ತೆಗೆ ತಲೆ ಕೆಟ್ಟಿದೆ ಎಂದು ನಾನಂತೂ ಹೇಳುವುದಿಲ್ಲ. ಹೇಳಿದರೆ ತ್ಯಾಗರಾಜನಗರದ ಅವರ ಮನೆಯಲ್ಲಿ ನನಗೆ ತಿಂಡಿ ಸಿಗುವುದಿಲ್ಲ! ಆದರೆ ಕಾಲೇಜಿನಲ್ಲಿ ಓದಿದ ಬೀಜಗಣಿತವನ್ನು ಇಡ್ಲಿ ಪಾತ್ರೆಯಲ್ಲಿ ಬೇಯಿಸುವ ಇನ್ನೊಬ್ಬರನ್ನು ನೀವು ಕಂಡಿದ್ದೀರಾ?

ಅವರ ಮನೆಯಲ್ಲಿ ತಿಂಡಿಗೆ ಎಷ್ಟು ಜನವೋ ಅದು ಎಕ್ಸ್. ತಲೆಗೆ ನಾಲ್ಕು ಇಡ್ಲಿ, ಅದರ ಮೇಲೆ ಆರು. ನಾಲ್ಕು ಎಕ್ಸ್ ಪ್ಲಸ್ ಆರು! ಬೆಳಿಗ್ಗೆ ಎದ್ದು ಶಿವನ ಹೆಸರಿಗಿಂತ ಮೊದಲು ಅವರು ಹೇಳುವುದು ಇದನ್ನೇ.

ಒಮ್ಮೆ ಗಿರಿನಗರದ ನೆಂಟರು ಫೋನ್ ಮಾಡಿ, "ನಾಳೆ ಮೂರು ಜನ ಬರ್ತೀವಿ, ನಾಲ್ಕೂ ಆಗ್ಬಹುದು" ಎಂದರು. ಅತ್ತೆ ಕೆರಳಿಬಿಟ್ಟರು. "ಎಕ್ಸ್‌ಗೆ ಒಂದೇ ಬೆಲೆ ಹೇಳ್ರೀ! ಗಳಿಗೆಗೊಂದು ಹೇಳೋಕೆ ಅದೇನು ಟೊಮೇಟೊ ರೇಟಾ?" ಪಾಪ, ನಾಲ್ಕನೆಯವರನ್ನು ಮನೆಯಲ್ಲೇ ಬಿಟ್ಟು ಬಂದರು!

"ಆ ಆರು ಯಾರಿಗೆ ಅತ್ತೆ?" ಎಂದು ನಾನು ಕೇಳಿದಾಗಲೆಲ್ಲ ಒಂದೇ ಉತ್ತರ. "ಸುಮ್ನೆ ತಿನ್ನೋ, ತಣ್ಣಗಾಗುತ್ತೆ."

ಮೊನ್ನೆ ಭಾನುವಾರ ಬೆಳಿಗ್ಗೆ ಮಗಳನ್ನು ಸ್ಕೂಟರಿನಲ್ಲಿ ಕೂರಿಸಿಕೊಂಡು ಅಂಜನಾಪುರದಿಂದ ಅತ್ತೆಯ ಮನೆಗೇ ಓಡಿದೆ. ಮರುದಿನ ಅವಳಿಗೆ ಬೀಜಗಣಿತದ ಟೆಸ್ಟ್. ಹಿಂದಿನ ಸಂಜೆಯಿಂದಲೇ ಅಳು.

"ಎಕ್ಸ್ ಎಷ್ಟು ಅಂತ್ಲೇ ಗೊತ್ತಾಗಲ್ಲ ಅಜ್ಜಿ! ನಾಳೆ ನಾನು ಸ್ಕೂಲಿಗೇ ಹೋಗಲ್ಲ!"

ಅತ್ತೆ ಸೆರಗು ಸಿಕ್ಕಿಸಿ ನಿಂತೇಬಿಟ್ಟರು. "ಎಕ್ಸ್ ಅಂದ್ರೆ ಖಾಲಿ ಕುರ್ಚಿ ಕಣೇ. ಬಂದ ನಂಬರನ್ನ ಅಲ್ಲಿ ಕೂರಿಸೋದು, ಅಷ್ಟೆ! ಈಗ ನಾನು, ನಿಮ್ಮ ತಾತ ಇಬ್ರೇ ಇದೀವಿ ಅನ್ಕೋ. ಎಕ್ಸ್ ಎರಡು. ಎಷ್ಟು ಇಡ್ಲಿ ಮಾಡ್ಲಿ?"

ಮಗಳು ನೋಟ್‌ಬುಕ್ಕಿನಲ್ಲಿ ಅಜ್ಜಿಯ ನಾಲ್ಕು ಎಕ್ಸ್ ಪ್ಲಸ್ ಆರು ಬರೆದು, ನಾಲ್ಕರ ಪಕ್ಕದ ಎಕ್ಸ್ ಅಳಿಸಿ ಅಲ್ಲಿ ಎರಡು ಬರೆದಳು. "ನಲವತ್ತೆರಡು ಪ್ಲಸ್ ಆರು... ನಲವತ್ತೆಂಟು!"

ಪೇಪರ್ ಓದುತ್ತಿದ್ದ ಮಾವ ದಿಗಿಲುಬಿದ್ದು ಎದ್ದರು. "ಅಯ್ಯೋ ಶಿವನೇ! ನಾವಿಬ್ರೇ ನಲವತ್ತೆಂಟು ತಿನ್ಬೇಕಾ?"

ಅಳುತ್ತಿದ್ದ ಹುಡುಗಿ ಕಿಸಕ್ಕನೆ ನಕ್ಕಳು. ಅತ್ತೆ ಎರಡು ತಟ್ಟೆ ಇಟ್ಟು ಒಂದೊಂದಕ್ಕೂ ನಾಲ್ಕು ಇಡ್ಲಿ ಹಾಕಿದರು. "ನಾಲ್ಕೂ ಎಕ್ಸೂ ಅಂಟಿಕೊಂಡು ಕೂತಿದ್ರೆ ಗುಣಿಸ್ಬೇಕು ಕಣೇ."

"ಹಾಗಾದ್ರೆ ಎಂಟು! ಪ್ಲಸ್ ಆರು, ಹದಿನಾಲ್ಕು!"

ಆಮೇಲೆ ಅವಳನ್ನು ಹಿಡಿಯುವವರೇ ಇಲ್ಲ! ಎಕ್ಸ್ ಐದಾದರೆ ಇಪ್ಪತ್ತಾರು, ಹತ್ತಾದರೆ ನಲವತ್ತಾರು ಎಂದು ಕೂಗುತ್ತಾ ಮನೆಯೆಲ್ಲ ಕುಣಿದಳು. ಕುಣಿಯುತ್ತಿದ್ದವಳು ತಟ್ಟನೆ ನಿಂತಳು.

"ಅಜ್ಜಿ, ಸೋಮವಾರ ನಿಮ್ಮಿಬ್ರಿಗೂ ಒಪ್ಪತ್ತು, ಬೆಳಿಗ್ಗೆ ತಿಂಡಿನೇ ತಿನ್ನಲ್ಲ. ಆಗ ಎಕ್ಸ್ ಸೊನ್ನೆ. ನಾಲ್ಕು ಇಂಟು ಸೊನ್ನೆ, ಸೊನ್ನೆ... ಆದ್ರೂ ಆರು ಉಳಿಯುತ್ತಲ್ಲ! ಯಾರೂ ತಿನ್ನದಿದ್ರೂ ಆರು ಬೇಯಿಸ್ತೀರಾ?"

"ಹೂಂ ಮತ್ತೆ."

"ಯಾರಿಗೆ?"

ಅತ್ತೆ ಚಟ್ನಿ ಬಡಿಸುತ್ತಾ ನನ್ನ ಕಡೆ ನೋಡದೆಯೇ ಹೇಳಿದರು. "ನಿಮ್ಮಪ್ಪ ಯಾವತ್ತಾದ್ರೂ ಹೇಳಿ ಬಂದಿದಾನಾ? ಆಫೀಸಿಗೆ ಹೋಗ್ತಾ ಹಾಗೇ ನುಗ್ತಾನೆ. ಅವನನ್ನ ಎಕ್ಸ್ ಒಳಗೆ ಸೇರಿಸೋಕಾಗಲ್ಲ ಕಣೇ. ಬರ್ಲಿ ಬಿಡ್ಲಿ, ಅವನ ಆರು ಇರ್ಲೇಬೇಕು."

"ನಾಳೆ ಟೆಸ್ಟ್ ಬರ್ಲಿ, ನೋಡ್ಕೋತೀನಿ!" ಎಂದು ಮಗಳು ಮತ್ತೆ ಕುಣಿಯತೊಡಗಿದಳು. ನನಗೆ ಮಾತ್ರ ಅಳು ಬಂತು. ಪಿಯುಸಿ ಓದಲು ಈ ಮನೆಗೆ ಬಂದಿದ್ದಾಗ ಒಂದೇ ಸಲಕ್ಕೆ ಆರು ಇಡ್ಲಿ ತಿನ್ನುತ್ತಿದ್ದೆ. ಈಗ ಮೂರಕ್ಕೇ ಹೊಟ್ಟೆ ತುಂಬುತ್ತದೆ. ಅವತ್ತು ಕಣ್ಣು ಒರೆಸಿಕೊಳ್ಳುತ್ತಾ ಆರನ್ನೂ ತಿಂದೆ.