ಬಿಂದೂ ಕಾಕಾ ನಾನೇ

ಮಹಾಪುರುಷರ ಚರಿತ್ರೆ ಓದಿ "ಅಯ್ಯೋ, ಇದು ನನ್ನದೇ ಕಥೆ" ಎಂದು ಕೂಗಿದವರನ್ನು ನಾನು ಇದುವರೆಗೆ ಕಂಡಿಲ್ಲ. ನಾನಂತೂ ಕೂಗಿಲ್ಲ. ರಾಜ್ಯ ಗೆದ್ದವರು, ಗೆದ್ದ ರಾಜ್ಯ ಬಿಟ್ಟು ಹೊರಟವರು, ಬಡತನದಲ್ಲಿ ಬೆಳೆದು ಜಗತ್ತಿಗೇ ಬುದ್ಧಿ ಹೇಳಿದವರು, ಇವರೆಲ್ಲರ ಬಗ್ಗೆ ನನಗೆ ಬೇಕಾದಷ್ಟು ಗೌರವವಿದೆ. ಆದರೆ ಇವರಲ್ಲಿ ಒಬ್ಬರಾದರೂ ಚೀಲ ಮರೆತು ತರಕಾರಿಗೆ ಹೋಗಿ, ಕೊತ್ತಂಬರಿಯನ್ನು ಅಂಗಿಯ ಕಿಸೆಗೆ ತುರುಕಿಕೊಂಡು, ಎರಡೂ ಕೈಯಲ್ಲಿ ಬದನೆಕಾಯಿ ಹಿಡಿದು ಮನೆಯ ಬೆಲ್ಲನ್ನು ಮೊಣಕೈಯಿಂದ ಒತ್ತಿದ್ದಕ್ಕೆ ದಾಖಲೆಯಿಲ್ಲ. ಅಂಥದ್ದನ್ನು ಮಾಡುವವನು ಪತ್ರಿಕೆಯ ಕೊನೆಯ ಪುಟದಲ್ಲಿ ನಾಲ್ಕು ಚೌಕಗಳೊಳಗೆ ವಾಸಿಸುವ ಮನುಷ್ಯ ಒಬ್ಬನೇ. ಆತ ನನಗೆ ಕಲ್ಪನೆಯ ವ್ಯಕ್ತಿಯಲ್ಲ, ನೆಂಟ. ಐವತ್ತು ದಾಟಿದ ಮೇಲೂ ಪತ್ರಿಕೆಯನ್ನು ಹಿಂದಿನಿಂದ ಓದುತ್ತಾನೆ ಎಂದು ನನ್ನನ್ನು ನೋಡಿ ನಗುವವರು ನಗಲಿ. ಮುಂದಿನ ಪುಟದಲ್ಲಿ ನನ್ನ ವಿಷಯ ಏನೂ ಬಂದಿರುವುದಿಲ್ಲ.

ಮುಂಬೈ ಹತ್ತಿರದ ಡೊಂಬಿವಲಿಯಲ್ಲಿ ನಾವು ಕೆಲವು ಕನ್ನಡದ ಕುಟುಂಬಗಳು ಸೇರಿ ಒಂದು ಸಣ್ಣ ಸಂಘ ನಡೆಸುತ್ತೇವೆ. ಸಂಘಕ್ಕೊಂದು ಮಾಸಪತ್ರಿಕೆಯಿದೆ. ಅದರಲ್ಲಿ ಅಧ್ಯಕ್ಷರ ಮಾತು, ಅಧ್ಯಕ್ಷರ ಭಾವಚಿತ್ರ, ಅಧ್ಯಕ್ಷರು ದೀಪ ಬೆಳಗಿಸಿದ ಸಮಾರಂಭದ ವರದಿ, ಇಷ್ಟೆಲ್ಲ ದಾಟಿದರೆ ಕೊನೆಯ ಪುಟದಲ್ಲಿ ಬಿಂದೂ ಕಾಕಾ ಸಿಗುತ್ತಾನೆ. ಪ್ಯಾಂಟನ್ನು ಹೊಟ್ಟೆಯ ಮೇಲಕ್ಕೆ ಏರಿಸಿ ಬೆಲ್ಟು ಬಿಗಿದ, ದಪ್ಪ ಮೀಸೆಯ, ತಲೆಯಲ್ಲಿ ಕೂದಲಿಲ್ಲದಿದ್ದರೂ ಕಿಸೆಯಲ್ಲಿ ಬಾಚಣಿಕೆ ಇಟ್ಟುಕೊಂಡ ಮನುಷ್ಯ. ಮೊದಲ ಚೌಕದಲ್ಲಿ ಯಾರಿಗಾದರೂ ಬುದ್ಧಿ ಹೇಳುತ್ತಾನೆ. ಎರಡನೆಯದರಲ್ಲಿ ತಾನೇ ಮಾಡಿ ತೋರಿಸಲು ಹೊರಡುತ್ತಾನೆ. ಮೂರನೆಯದರಲ್ಲಿ ಏನೋ ಎಡವಟ್ಟಾಗಿದೆ ಎಂದು ಅವನನ್ನು ಬಿಟ್ಟು ಉಳಿದವರಿಗೆಲ್ಲ ಗೊತ್ತಾಗುತ್ತದೆ. ನಾಲ್ಕನೆಯದರಲ್ಲಿ ಮುಗ್ಗರಿಸಿ ಬಿದ್ದಿರುತ್ತಾನೆ. ಬರೆಯುವವಳು ಅಶ್ವಿನಿ ಎಂಬ ಹುಡುಗಿ. ಇಲ್ಲೇ ಹುಟ್ಟಿ ಬೆಳೆದವಳು, ಐರೋಲಿಯ ಒಂದು ಕಂಪನಿಯಲ್ಲಿ ಕೆಲಸ. ಕನ್ನಡ ಚೆನ್ನಾಗಿ ಅರ್ಥವಾಗುತ್ತದೆ, ಮಾತಿಗಿಳಿದರೆ ಮಾತ್ರ ಅರ್ಧ ದಾರಿಯಲ್ಲಿ ಮರಾಠಿಗೆ ಹೊರಳಿಬಿಡುತ್ತಾಳೆ.

ಮಳೆಗಾಲ ಶುರುವಾಗುವ ಹೊತ್ತಿಗೆ ಬಂದ ಸಂಚಿಕೆಯನ್ನು ನನ್ನ ಹೆಂಡತಿ ಸುಮಿತ್ರಾ ನನ್ನ ಚಹಾದ ಕಪ್ಪಿನ ಪಕ್ಕದಲ್ಲಿ, ಕೊನೆಯ ಪುಟ ಮೇಲೆ ಮಾಡಿ ಇಟ್ಟಳು. "ಸ್ವಲ್ಪ ನೋಡ್ರಿ. ಇದು ನೀವಽ ಅಲ್ಲೇನು?" ನೋಡಿದೆ. ಮೊದಲ ಚೌಕದಲ್ಲಿ ಬಿಂದೂ ಕಾಕಾ ಲೋಕಲ್ ಗಾಡಿಯಲ್ಲಿ ಒಬ್ಬ ಹೊಸಬನಿಗೆ, ಡೊಂಬಿವಲಿಯಲ್ಲಿ ಇಳಿಯಬೇಕಾದರೆ ಯಾವಾಗ ಏಳಬೇಕು, ಯಾವ ಬದಿಯ ಬಾಗಿಲಿಗೆ ಹೋಗಬೇಕು, ಮೊಣಕೈ ಹೇಗೆ ಇಟ್ಟುಕೊಳ್ಳಬೇಕು ಎಂದು ಉಪದೇಶ ಮಾಡುತ್ತಿದ್ದ. ಮೂರನೆಯ ಚೌಕದಲ್ಲಿ ಹೊಸಬ ಸಲೀಸಾಗಿ ಇಳಿದು ಪ್ಲಾಟ್‌ಫಾರ್ಮಿನಿಂದ ಕೈ ಬೀಸುತ್ತಿದ್ದ. ಉಪದೇಶ ಇನ್ನೂ ಮುಗಿಯದ ಕಾಕಾ ಒಳಗೇ ಇದ್ದ. ನಾಲ್ಕನೆಯದರಲ್ಲಿ ಅವನು ಮುಂದೆ ಹೋಗಿ ಇಳಿದ ಕಲ್ಯಾಣದ ಮಾರ್ಕೆಟ್ಟಿನಿಂದ ಮೆಂತ್ಯ ಸೊಪ್ಪಿನ ಕಟ್ಟು ಹಿಡಿದು ಮನೆಗೆ ಬಂದು, "ಇಲ್ಲಿಗಿಂತ ಅಲ್ಲಿ ತಾಜಾ ಸಿಗುತ್ತದೆ" ಎಂದು ಹೆಂಡತಿಗೆ ಹೇಳುತ್ತಿದ್ದ.

ನನ್ನ ಕಿವಿ ಬಿಸಿಯಾಯಿತು. ಈ ಘಟನೆ ನನಗಾದದ್ದು. ಮೆಂತ್ಯವೂ ನನ್ನದೇ. ಅದನ್ನು ನಾನು ಹೆಂಡತಿಗೂ ಹೇಳಿರಲಿಲ್ಲ. ಬರಿಗೈಯಲ್ಲಿ ತಡವಾಗಿ ಬಂದರೆ ಅನುಮಾನ ಬರುತ್ತದೆಂದು ಮೆಂತ್ಯ ಕೊಂಡಿದ್ದೆ, ಅಷ್ಟೆ. "ನಿಮಗ ಕಲ್ಯಾಣದ ಮೆಂತ್ಯೆದ ಮ್ಯಾಲೆ ಯಾಕಿಷ್ಟು ಪ್ರೀತಿ ಅಂತ ಈಗ ತಿಳೀತು" ಎಂದು ಸುಮಿತ್ರಾ ಒಳಗೆ ಹೋದಳು. ಮೊದಲು ಸಿಟ್ಟು ಬಂತು. ಠಾಣೆಯ ಆಫೀಸಿನಲ್ಲಿ ಖರೀದಿ ವಿಭಾಗ ನೋಡಿಕೊಳ್ಳುವ, ನಾಲ್ಕು ಜನ ಸಲಾಮು ಹೊಡೆಯುವ ಮನುಷ್ಯನನ್ನು ಹೀಗೆ ಬರೆಯುವುದೇ? ಚಹಾ ಮುಗಿಯುವಷ್ಟರಲ್ಲಿ ಸಿಟ್ಟು ಇಳಿದು ಇನ್ನೇನೋ ಏರಿತು. ಹೇಳಿಬಿಡುತ್ತೇನೆ: ನನಗೆ ವಿಪರೀತ ಸಂತೋಷವಾಯಿತು. ದಿನಾ ಬೆಳಿಗ್ಗೆ ಅಷ್ಟೊಂದು ಜನರ ಬೆನ್ನಿಗೆ ಮುಖ ಒತ್ತಿ ಪ್ರಯಾಣ ಮಾಡುವ ಊರಿನಲ್ಲಿ, ಯಾರೋ ಒಬ್ಬರು ನನ್ನ ಮುಖ ನೋಡಿದ್ದಾರೆ! ನೋಡಿ, ನೆನಪಿಟ್ಟುಕೊಂಡು, ಗೆರೆ ಎಳೆದಿದ್ದಾರೆ. ನನ್ನ ಮದುವೆಯ ಫೋಟೊದಲ್ಲಿ ಕೂಡ ನನ್ನ ಅರ್ಧ ಮುಖವನ್ನು ಸೋದರಮಾವನ ಪೇಟ ಮುಚ್ಚಿದೆ.

ಅಂದಿನಿಂದ ಹಳೆಯ ಸಂಚಿಕೆಗಳನ್ನೆಲ್ಲ ಹೊರತೆಗೆದು ಓದಿದೆ. ಬಿಂದೂ ಕಾಕಾನ ದೊಡ್ಡಸ್ತಿಕೆ ಏನೆಂದು ಆಗ ಹೊಳೆಯಿತು. ಅವನು ಏನನ್ನೂ ಕಲಿಯುವುದಿಲ್ಲ. ನಮ್ಮನ್ನು ನೋಡಿ: ಶಾಲೆಯಲ್ಲಿ ಮಾಸ್ತರರು, ಆಫೀಸಿನಲ್ಲಿ ಸಾಹೇಬರು, ಮನೆಯಲ್ಲಿ ಹೆಂಡತಿ, ಮೊಬೈಲಿನಲ್ಲಿ ಬೆಳಗಾಗೆದ್ದು ಯಾರ್ಯಾರೋ, ತಪ್ಪಿನಿಂದ ಕಲಿಯಿರಿ ಎಂದು ಹಿಡಿದು ಬಡಿಯುತ್ತಾರೆ. ಕಾಕಾ ಈ ತಿಂಗಳು ಮುಗ್ಗರಿಸಿ ಬಿದ್ದರೆ ಬರುವ ತಿಂಗಳು ಮೊದಲ ಚೌಕದಲ್ಲಿ ಅದೇ ಅಂಗಿ, ಅದೇ ಬೆಲ್ಟು, ಅದೇ ಆತ್ಮವಿಶ್ವಾಸದಿಂದ ಎದ್ದು ನಿಂತಿರುತ್ತಾನೆ. ಬಿದ್ದದ್ದರ ಬಗ್ಗೆ ಅವನಿಗೆ ಪಶ್ಚಾತ್ತಾಪವಿಲ್ಲ, ಮೈಗೆ ನೋವೂ ಇಲ್ಲ. ಇದಕ್ಕಿಂತ ದೊಡ್ಡ ಧೈರ್ಯ ಯಾವುದು? ನಾನೂ ಹಾಗೇ ಬದುಕಿದ್ದೇನೆ. ಇಷ್ಟು ದಿನ ಅದನ್ನು ದಡ್ಡತನ ಎನ್ನುತ್ತಿದ್ದರು, ಈಗ ಅದಕ್ಕೊಂದು ಚಿತ್ರ ಸಿಕ್ಕಿತು.

ಇಂಥ ಸಮಯದಲ್ಲಿ ಸಂಘದ ವಾಟ್ಸಾಪ್ ಗುಂಪಿನಲ್ಲಿ ಅಧ್ಯಕ್ಷರ ಸಂದೇಶ ಬಂತು. ಬಿಂದೂ ಕಾಕಾನಿಂದ ಕೆಲವು ಸದಸ್ಯರ ಮನಸ್ಸಿಗೆ ನೋವಾಗಿದೆಯೆಂದು ದೂರುಗಳು ಬಂದಿವೆ, ಆ ಪುಟದಲ್ಲಿ ಇನ್ನು ಮುಂದೆ ಅಡುಗೆಯ ವಿಧಾನಗಳನ್ನು ಹಾಕುವ ವಿಚಾರವಿದೆ, ಭಾನುವಾರದ ಸಭೆಯಲ್ಲಿ ತೀರ್ಮಾನ. ನನ್ನ ರಕ್ತ ಕುದಿಯಿತು. ನನ್ನನ್ನು ತೆಗೆದು ಆ ಜಾಗದಲ್ಲಿ ಹಾಗಲಕಾಯಿ ಗೊಜ್ಜು ಹಾಕುತ್ತಾರಂತೆ! ಭಾನುವಾರ ಇಸ್ತ್ರಿ ಮಾಡಿದ ಅಂಗಿ ತೊಟ್ಟು ಎಲ್ಲರಿಗಿಂತ ಮೊದಲೇ ಹೋಗಿ ಮುಂದಿನ ಸಾಲಿನಲ್ಲಿ ಕುಳಿತೆ. ಸುಮಿತ್ರಾ ಜೊತೆಗೆ ಬಂದವಳು, "ಮಾತಾಡ್ಲಿಕ್ಕೆ ನಿಂತು ಎಲ್ಲೆರೆ ಕಲ್ಯಾಣಕ್ಕ ಹೋಗಬ್ಯಾಡ್ರಿ" ಎಂದು ಎಚ್ಚರಿಸಿ ನಾಲ್ಕು ಸಾಲು ಹಿಂದೆ ಕುಳಿತಳು.

ಅಧ್ಯಕ್ಷರು ವಿಷಯ ಮಂಡಿಸಿದ ಕೂಡಲೇ ನಾನು ಎದ್ದೆ. "ಬಿಂದೂ ಕಾಕಾ ಅಂದರ ಬ್ಯಾರೆ ಯಾರೂ ಅಲ್ಲ, ನಾನಽ. ಗಾಡಿಯೊಳಗಿಂದು ನನ್ನ ಕಥಿ. ನೋವು ಆಗೂದಿದ್ದರ ನನಗ ಆಗಬೇಕು. ನನಗ ಆಗಿಲ್ಲ. ಅಂದಮ್ಯಾಲೆ ಬಂದ್ ಮಾಡ್ಲಿಕ್ಕೆ ಯಾರಿಗೂ ಹಕ್ಕಿಲ್ಲ." ಮೇಜು ಗುದ್ದಬೇಕೆಂದಿದ್ದೆ, ಹತ್ತಿರದಲ್ಲಿ ಮೇಜಿರಲಿಲ್ಲ, ಕುರ್ಚಿಯ ಬೆನ್ನು ಗುದ್ದಿದೆ. ಚಪ್ಪಾಳೆ ಬರಬಹುದೆಂದು ಕಾಯುತ್ತಿರುವಾಗ ಹಿಂದಿನಿಂದ ಸದಾನಂದಣ್ಣ ಎದ್ದರು. ಉಡುಪಿಯ ಕಡೆಯವರು, ಮಾಜಿವಾಡಾದಲ್ಲಿ ಒಂದು ಹೋಟೆಲಿನ ಮ್ಯಾನೇಜರು. "ನೀವು ಹೇಗೆ ಆಗ್ತೀರಿ ಮಾರಾಯ್ರೆ? ಅದು ನಾನು! ಆ ಕುಕ್ಕರಿನ ಕಥೆ ನಮ್ಮ ಮನೆಯದ್ದು. ಹೆಂಡತಿ ಹೊರಗೆ ಹೇಳಿದ್ದಾಳೆ ಅಂತ ನಾನು ಅವಳ ಹತ್ರ ಮಾತು ಬಿಟ್ಟಿದ್ದೆ." ಹಿಂದಿನ ಒಂದು ಸಂಚಿಕೆಯಲ್ಲಿ ಕಾಕಾ ಪಕ್ಕದ ಫ್ಲ್ಯಾಟಿನ ಕುಕ್ಕರಿನ ಸೀಟಿಗಳನ್ನು ತನ್ನ ಮನೆಯವೆಂದು ಎಣಿಸಿ ಗ್ಯಾಸ್ ಆರಿಸಿ, ಅತಿಥಿಗಳಿಗೆ ಅಕ್ಕಿ ಬಡಿಸಿದ್ದ. ಸದಾನಂದಣ್ಣನ ಮಾತು ಮುಗಿಯುವ ಮೊದಲೇ ಕುಲಕರ್ಣಿ ಮಾಸ್ತರರು ಎದ್ದು, ಅಂಗಿಯ ಕಿಸೆಯಿಂದ ಬಾಚಣಿಕೆ ತೆಗೆದು ಸಭೆಗೆಲ್ಲ ತೋರಿಸಿ, "ಇದಕ್ಕಿಂತ ಪುರಾವೆ ಬೇಕೇನ್ರಿ?" ಎಂದರು. ಅವರ ತಲೆ ದೀಪದ ಬೆಳಕಿಗೆ ಮಿರಮಿರ ಹೊಳೆಯುತ್ತಿತ್ತು.

ದೂರು ಕೊಟ್ಟವರು ಇವರೇ ಎಂದು ಗೊತ್ತಾಯಿತು. ಆದರೆ ವಿಚಿತ್ರ ನೋಡಿ, ತಮ್ಮ ಜಾಗಕ್ಕೆ ನಾನು ಕೈ ಹಾಕಿದ್ದೇನೆಂದ ಕೂಡಲೇ ಇಬ್ಬರೂ ನೋವು ಮರೆತು ಹಕ್ಕು ಹಿಡಿದರು. ಅಕ್ಕಿ ಬಡಿಸಿದ್ದು ದೊಡ್ಡದೋ ಕಲ್ಯಾಣಕ್ಕೆ ಹೋದದ್ದು ದೊಡ್ಡದೋ ಎಂದು ವಾದ ಬೆಳೆಯಿತು. ಕುಕ್ಕರು ಎಲ್ಲರ ಮನೆಯಲ್ಲೂ ಇದೆ ಎಂದು ನಾನು ಹೇಳಿದರೆ, ಕಲ್ಯಾಣಕ್ಕೆ ಹೋಗದವರು ಈ ಲೈನಿನಲ್ಲಿ ಯಾರಿದ್ದಾರೆ ಎಂದು ಸದಾನಂದಣ್ಣ ತಿರುಗಿಸಿದರು. ಸಭೆಯ ಮೂಲೆಮೂಲೆಯಿಂದ ಇನ್ನೂ ಕೆಲವು ಬೋಳುತಲೆಗಳು ಏಳತೊಡಗಿದಾಗ ಅಧ್ಯಕ್ಷರು ಕೈಚೆಲ್ಲಿ, ಚಿತ್ರ ಬರೆದವಳನ್ನೇ ಕೇಳಿಬಿಡೋಣ ಎಂದರು. ಬಾಗಿಲ ಬಳಿ ನಿಂತಿದ್ದ ಅಶ್ವಿನಿ ಮುಂದೆ ಬಂದಳು. ಮೆಟ್ರಿಕ್ ಫಲಿತಾಂಶಕ್ಕೂ ನಾನು ಹಾಗೆ ಕಾದಿರಲಿಲ್ಲ.

"ಸಾರಿ ಕಾಕಾ. ನಿಮ್ಮೊಳಗ ಕೋಣೀಚ ನಾಹಿ. ಯಾರೂ ಅಲ್ಲ. ಬಿಂದೂ ಕಾಕಾ ಅಂದ್ರ ನಮ್ಮ ಆಯಿ."

ಮೂರನೆಯ ಸಾಲಿನಲ್ಲಿ ಕುಳಿತಿದ್ದ ಅವಳ ತಾಯಿ ವಿಜಯಾಬಾಯಿ ನಿಧಾನವಾಗಿ ಎದ್ದು ನಿಂತರು. "ಹೌದ್ರಿ, ಎಲ್ಲಾ ನಾನಽ ಮಾಡೀನಿ. ಮೀಸಿ ಹಚ್ಚು ಅಂತ ನಾನಽ ಹೇಳೀನಿ. ಹೆಂಗಸು ಅಕ್ಕಿ ಬಡಿಸಿದ್ರ ಮಂದಿ ಬೈತಾರ. ಗಂಡಸು ಬಡಿಸಿದ್ರ ನಗತಾರ. ನನಗ ಮಂದಿ ನಗೂದು ಬೇಕಾಗಿತ್ತು." ಗಂಡಸರೆಲ್ಲ ಮೆಲ್ಲಗೆ ಕುಳಿತೆವು. ಹಿಂದಿನ ಸಾಲುಗಳಲ್ಲಿ ಹೆಂಗಸರು ಚಪ್ಪಾಳೆ ತಟ್ಟಿದರು, ಅದರಲ್ಲಿ ಎಲ್ಲಕ್ಕಿಂತ ಜೋರಾದದ್ದು ಯಾರದೆಂದು ತಿರುಗಿ ನೋಡದೆಯೇ ನನಗೆ ಗೊತ್ತಾಯಿತು. ಬಿಂದೂ ಕಾಕಾ ಉಳಿದುಕೊಂಡ. ಹಾಗಲಕಾಯಿ ಸೋತಿತು.

ಅಷ್ಟಕ್ಕೇ ನಾನು ಸುಮ್ಮನಾಗಬೇಕಿತ್ತು ಎಂದು ನೀವು ಹೇಳಬಹುದು. ನಾನು ಸುಮ್ಮನಾಗುವ ಜಾತಿಯವನಲ್ಲ. ಮೂಲ ಯಾರದಾದರೂ ಇರಲಿ, ಆ ಚೌಕಗಳಲ್ಲಿ ಇರುವವನು ನಾನು. ಹಾಗಿರುವಾಗ ಮರುತಿಂಗಳ ಸಂಚಿಕೆ ಬಂತು. ಓದಿ ದಂಗಾದೆ. ಕಾಕಾ ನಲ್ಲಿ ರಿಪೇರಿ ಮಾಡಲು ಹೋಗಿದ್ದ, ನಾಲ್ಕನೆಯ ಚೌಕದಲ್ಲಿ ನಲ್ಲಿ ರಿಪೇರಿಯಾಗಿತ್ತು! ಅದರ ಮುಂದಿನ ತಿಂಗಳು ಛತ್ರಿ ಮರೆಯಲಿಲ್ಲ. ನಮ್ಮ ಜಗಳ ನೋಡಿ ಹುಡುಗಿ ಹೆದರಿದ್ದಾಳೆ, ಯಾರಿಗೂ ನೋವಾಗದಿರಲಿ ಎಂದು ಮನುಷ್ಯನನ್ನು ಬುದ್ಧಿವಂತನನ್ನಾಗಿ ಮಾಡುತ್ತಿದ್ದಾಳೆ. ನನಗೆ ನಿಜವಾಗಿಯೂ ದುಃಖವಾಯಿತು. ಈ ಜಗತ್ತಿನಲ್ಲಿ ಧೈರ್ಯವಾಗಿ ಬೀಳುವವನು ಒಬ್ಬನಿದ್ದ, ಅವನನ್ನೂ ನೆಟ್ಟಗೆ ನಿಲ್ಲಿಸಿದರೆ ನಾನು ಯಾರ ಜೊತೆ ಬೀಳಲಿ?

ಶನಿವಾರ ಸಂಜೆ ಅವರ ಮನೆಗೆ ಹೋದೆ. ಚಹಾ ಮುಟ್ಟುವ ಮೊದಲೇ ಹೇಳಿದೆ: "ಅವ್ವಿ, ಕಾಕಾ ಬೀಳಬೇಕು. ನಲ್ಲಿ ಸೋರಬೇಕು. ಯಾರರೆ ಬೇಜಾರ ಮಾಡ್ಕೊಂಡ್ರ ನನ್ನ ಕಡೆ ಕಳಸು." ಅಶ್ವಿನಿ ನಕ್ಕಳು. ಆಯಿಯ ಪ್ರಸಂಗಗಳೆಲ್ಲ ಮುಗಿದುಹೋಗಿವೆ, ಹೊಸತು ಸಿಗುತ್ತಿಲ್ಲ ಎಂದಳು. ನಾನು ಕಾಯುತ್ತಿದ್ದದ್ದು ಇದನ್ನೇ. ಯಾರಿಗೂ ಹೇಳದ ಒಂದು ಪ್ರಸಂಗವನ್ನು ಅವಳ ಮುಂದೆ ಇಟ್ಟೆ.

ಸಾಹೇಬರ ಹತ್ತಿರ ಬಡ್ತಿ ಕೇಳಬೇಕೆಂದು ನಾನು ಒಮ್ಮೆ ಬೆಳಿಗ್ಗೆ ಬಾತ್‌ರೂಮಿನಲ್ಲಿ ಮಾತುಗಳನ್ನು ಗಟ್ಟಿಯಾಗಿ ಅಭ್ಯಾಸ ಮಾಡಿದ್ದೆ. ನಮ್ಮ ಕಟ್ಟಡದಲ್ಲಿ ಎಲ್ಲ ಬಾತ್‌ರೂಮಿನ ಕಿಟಕಿಗಳೂ ಗಾಳಿ ಬರಲೆಂದು ಬಿಟ್ಟ ಒಂದೇ ಡಕ್ಟಿಗೆ ತೆರೆದುಕೊಳ್ಳುತ್ತವೆ. ಸಂಜೆ ಬಂದರೆ ಮೇಲಿನವರು, ಕೆಳಗಿನವರು ಎಲ್ಲ "ಸಾಹೇಬರು ಏನಂದರು?" ಎಂದು ಮೆಟ್ಟಿಲಲ್ಲೇ ಹಿಡಿದರು. ನಾನು ಆ ದಿನ ಸಾಹೇಬರ ಕೋಣೆಯ ಬಾಗಿಲನ್ನೂ ಮುಟ್ಟಿರಲಿಲ್ಲ. ಆದರೆ ಅಷ್ಟು ಆಸೆಯಿಂದ ಕೇಳುವವರಿಗೆ ಇಲ್ಲ ಎನ್ನುವುದು ಹೇಗೆ? "ಕೊಟ್ಟರು" ಎಂದುಬಿಟ್ಟೆ. ಹಾಗಾದರೆ ಪೇಢೆ ಎಂದರು. ಇಡೀ ಕಟ್ಟಡಕ್ಕೆ ಪೇಢೆ ಹಂಚಿದೆ. ಉಳಿದ ಪೆಟ್ಟಿಗೆಯನ್ನು ಮರುದಿನ ಆಫೀಸಿಗೆ ಒಯ್ದೆ. ಸಾಹೇಬರು ಒಂದು ಬಾಯಿಗೆ ಹಾಕಿಕೊಂಡು, ಏನು ವಿಶೇಷ ಎಂದು ಕೇಳಿದರು. ಮಗಳು ಪಾಸಾದಳು ಎಂದೆ. ನಮಗೆ ಮಗಳಿಲ್ಲ.

ವಿಜಯಾಬಾಯಿ ಸೆರಗನ್ನು ಬಾಯಿಗೊತ್ತಿಕೊಂಡು ಒಳಗೆ ಎದ್ದುಹೋದರು. ಅಶ್ವಿನಿ ಮಾತ್ರ ನಗಲಿಲ್ಲ. ಪೆನ್ಸಿಲನ್ನು ಕೆಳಗಿಟ್ಟು ಬಹಳ ಮರ್ಯಾದೆಯಿಂದ ಹೇಳಿದಳು: "ಹೇ ನಾಹಿ ಚಾಲಣಾರ ಕಾಕಾ. ನಡೆಯೂದಿಲ್ಲ. ಇಂಥಾ ಮನಿಷಾ ಇರ್ತಾನ ಅಂತ ಕೋಣೀ ನಂಬೂದಿಲ್ಲ."

ಮನೆಗೆ ಬಂದಾಗ ಸುಮಿತ್ರಾ ಬಾಗಿಲಲ್ಲೇ ಕೇಳಿದಳು, "ಏನಂದ್ಳು ಹುಡುಗಿ?" ನಾನು ಚಪ್ಪಲಿ ಬಿಡುತ್ತ ತಲೆ ಎತ್ತಿ, "ಮುಂದಿನ ತಿಂಗಳು ಹಾಕ್ತಾಳಂತ. ಪೂರಾ ಒಂದು ಪುಟ" ಎಂದುಬಿಟ್ಟೆ. ಮಾರನೆಯ ಬೆಳಿಗ್ಗೆ ಲಿಫ್ಟಿನಲ್ಲಿ ಎದುರು ಮನೆಯವರು ನನ್ನ ಕೈ ಕುಲುಕಿ ಅಭಿನಂದಿಸಿದರು. ನಾನು ಥ್ಯಾಂಕ್ಸ್ ಹೇಳಿದೆ.